ಮೂರು ಮಂದಿಗೆ ಮೂರು ರೊಟ್ಟಿ

ಲಿಂಗಸುಗೂರು, ೧೪ ಜುಲೈ ೧೯೫೩, ಮಂಗಳವಾರ

ಅಂತೂ ಇವತ್ತಿನ ಗಂಡಾಂತರ ಕಳೆಯಿತು. ಉರ್ದುವಿನಲ್ಲಿ ಕಲಿತ ಬೀಜಗಣಿತವನ್ನು ಮೊದಲ ಸಲ ಕನ್ನಡದಲ್ಲಿ ಕಲಿಸಬೇಕಿತ್ತು. ಬೆಳಗಿನಿಂದ ಬಾಯಿಗೆ ಬರುತ್ತಿದ್ದದ್ದು ‘ತಕ್ಸೀಮ್’ ಒಂದೇ. ‘ಭಾಗಾಕಾರ’ ನಾಲಿಗೆಗೆ ಹತ್ತುತ್ತಲೇ ಇರಲಿಲ್ಲ.

ಹಲಗೆಯ ಮೇಲೆ 6x² + 3x ಬರೆದು, 3xನಿಂದ ಭಾಗಿಸಲು ಹೇಳಿದೆ. ಗುರುಗುಂಟಾದ ಹುಡುಗ ಬಸ್ಸಪ್ಪ ಬರೀ 2x ಬರೆದು ನಿಂತ.

“ಕೊನೀ 3x ಎಲ್ಲಿ ಹೋತೋ?”

“ಮ್ಯಾಲಿಂದೂ ಕೆಳಗಿಂದೂ ಹೊಡದ್ಹಾಕೀನ್ರಿ ಸರ. ಏನೂ ಉಳೀಲಿಲ್ಲ.”

ಸಿಟ್ಟು ನೆತ್ತಿಗೇರಿತು. “ಲೇ, ಮೂರು ಮಂದಿಗೆ ಮೂರು ರೊಟ್ಟಿ ಹಂಚಿದ್ರ ನಿನಗ ಉಪಾಸೇನು?”

“ಇಲ್ರೀ, ಒಂದು ಬರ್ತೈತಿ!” ಎಂದವನು ತಾನೇ + 1 ಸೇರಿಸಿದ.

ಇಡೀ ತರಗತಿ ನಕ್ಕಿತು. ಆಗ ಹೊಳೆಯಿತು, ಸಿಟ್ಟಿನಲ್ಲಿ ನಾನು ಕನ್ನಡಕ್ಕೆ ತಡಕಾಡಿರಲೇ ಇಲ್ಲ.

ನಾಳೆ ಬೀಜಗಣಿತದ ಭಿನ್ನರಾಶಿ. ‘ಸಂಕ್ಷೇಪಿಸು’ ಎನ್ನುವುದನ್ನು ಆ ಹುಡುಗರಿಗೆ ಹೇಗೆ… ಕಣ್ಣು ಎಳೆಯುತ್ತಿವೆ. ಇರಲಿ, ರೊಟ್ಟಿ ಇದ್ದೇ ಇದೆ.