ರಸ್ತೆ ಕೇಳಿದವರಿಗೆ ಸಕ್ಕರೆ

ಹವಾನಾ
ನವೆಂಬರ್ ೧೧, ೧೯೮೧

ಹಿತ್ತಲಿನ ಸಮಸ್ತ ಬಾತುಕೋಳಿಗಳ ಏಕಮೇವ ಅಧಿನಾಯಕಿ, ಒಲೆ ಮತ್ತು ಬಾವಿಗಳ ಶಾಶ್ವತ ಅಧ್ಯಕ್ಷೆ, ಊರ ಆರೋಗ್ಯ ಕೇಂದ್ರದ ಸೂಜಿ ಖಾತೆಯ ಮಂತ್ರಿಣಿ, ಕಿವಿ ಹಿಂಡುವ ಕಲೆಯಲ್ಲಿ ಪ್ರಥಮ ದರ್ಜೆಯ ಪದಕ ಪಡೆದ ಪರಮ ಗೌರವಾನ್ವಿತ ಅಕ್ಕ ಹ್ವೆ ಅವರ ಸನ್ನಿಧಾನಕ್ಕೆ,

ಎರಡು ಸಾಗರಗಳಾಚೆಯ ಸಹೋದರ ದ್ವೀಪದಿಂದ ನಿಮ್ಮ ತಮ್ಮನಾದ ದುಭಾಷಿ ಲಾಮ್, ಇಲ್ಲಿನ ಎಲ್ಲ ಕಬ್ಬಿನ ಗದ್ದೆಗಳ ಪರವಾಗಿಯೂ ತನ್ನ ಹುಳುಕು ಹಲ್ಲುಗಳ ಪರವಾಗಿಯೂ ಮಾಡುವ ಕ್ರಾಂತಿಕಾರಿ ವಂದನೆಗಳು.

ಅಕ್ಕ, ಈ ಪತ್ರವನ್ನು ನಿನಗಿಂತ ಮೊದಲು ನಮ್ಮ ರಾಯಭಾರ ಕಚೇರಿಯ ಸಂಗಾತಿ ಲ್ವಾನ್ ಓದುತ್ತಾರೆ. ಓದಿ, ಮುದ್ರೆ ಒತ್ತಿ, ಆಮೇಲೆ ಕಳಿಸುತ್ತಾರೆ. ನನ್ನ ಪಾಸ್‌ಪೋರ್ಟ್ ಮಲಗಿರುವುದೂ ಅವರ ಮೇಜಿನ ಡ್ರಾಯರಿನಲ್ಲೇ, ಅವರ ತಲೆನೋವಿನ ಮುಲಾಮಿನ ಪಕ್ಕದಲ್ಲಿ. ಆದ್ದರಿಂದ ಅವರಿಗೂ ಇಲ್ಲಿಂದಲೇ ಒಂದು ನಮಸ್ಕಾರ. ಸಂಗಾತಿ, ಈ ಪತ್ರದಲ್ಲಿ ಗುಟ್ಟೇನೂ ಇಲ್ಲ. ಕಾಗುಣಿತ ತಪ್ಪಿದ್ದರೆ ತಿದ್ದಿಬಿಡಿ.

ನಿನ್ನ ಪತ್ರ ಕಳೆದ ತಿಂಗಳು ಕೈಸೇರಿತು. ಅದರಲ್ಲಿ ಸಕ್ಕರೆಯ ಬಗ್ಗೆ ಬರೆದಿದ್ದೆಯಲ್ಲ, ಅಲ್ಲಿಯವರೆಗೆ ನಕ್ಕೆ. ಪಡಿತರದಂಗಡಿಯಲ್ಲಿ ಅಕ್ಕಿ ಕೇಳಿದರೂ ಸಕ್ಕರೆ, ಸೋಪು ಕೇಳಿದರೂ ಸಕ್ಕರೆಯಂತೆ. ಥಾಕ್ ಭಾವ ತಮ್ಮ ರಸ್ತೆ ತಂಡದವರಿಗೆ, "ಜಲ್ಲಿ ಬರೋ ಹಾಗೆ ಕಾಣಲ್ಲ ಕಣ್ರೋ. ಇದನ್ನೇ ಹಾಸಿ ಕುಟ್ಟೋಣ. ಜನ ಓಡಾಡದಿದ್ರೆ ಇರುವೆಗಳಾದ್ರೂ ಓಡಾಡ್ಲಿ" ಎಂದರಂತೆ. (ಇನ್ನೂ ಮದುವೆಯಾಗದವರನ್ನು ಭಾವ ಎಂದು ಕರೆಯಬಾರದು ಎಂದು ನೀನು ಗದರಿದ್ದು ನೆನಪಿದೆ. ಗದರುತ್ತಿರು.)

ಅದರ ಮುಂದಿನ ಪುಟಕ್ಕೆ ಬಂದಾಗ ನಗು ನಿಂತಿತು. ದೋಣಿಕಟ್ಟೆಯವರೆಗಿನ ರಸ್ತೆ ಮುಗಿಯದೆ ತಂಡದ ಮೇಸ್ತ್ರಿಯಾದ ಭಾವನಿಗೆ ರಜೆಯಿಲ್ಲ, ರಜೆಯಿಲ್ಲದೆ ಮದುವೆಯಿಲ್ಲ. ರೋಲರ್ ಇಲ್ಲದೆ ಕೈಯಲ್ಲಿ ಕುಟ್ಟಿದ ರಸ್ತೆಯನ್ನು ಪ್ರತಿ ಮಳೆಗಾಲವೂ ಹೊಳೆ ಬಂದು ವಾಪಸು ತೆಗೆದುಕೊಂಡು ಹೋಗುತ್ತದೆ. ಆಮೇಲೆ ಒಂದು ಸಾಲು: "ನಂಗೆ ಮೂವತ್ತು ತುಂಬ್ತು ಕಣೋ. ಬಾವಿಕಟ್ಟೆ ಹೆಂಗಸರು ಈಗ ನನ್ನನ್ನ ನೋಡಿದ್ರೆ ಮಾತು ನಿಲ್ಲಿಸ್ತಾರೆ." ಅಕ್ಕ, ಆ ಹೆಂಗಸರು ಮಾತು ನಿಲ್ಲಿಸಿದ್ದನ್ನು ನಾನು ಹುಟ್ಟಿದಾಗಿನಿಂದ ಕಂಡಿಲ್ಲ. ವಿಷಯ ಎಷ್ಟು ಗಂಭೀರ ಎಂದು ಆಗ ಅರ್ಥವಾಯಿತು.

ಇನ್ನು ನನ್ನ ಸೆರೆವಾಸದ ವಿವರಗಳು. ದ್ವೀಪವೆಂದರೆ ಸುತ್ತಲೂ ನೀರಿರುವ ಜೈಲು. ಕಾವಲುಗಾರರು ಮಾತ್ರ ತುಂಬ ಪ್ರೀತಿಯವರು, ಸಿಕ್ಕಸಿಕ್ಕಲ್ಲಿ ಕೆನ್ನೆಗೆ ಮುತ್ತು ಕೊಡುತ್ತಾರೆ. ನಾವು ಹೊರಗೆ ಹೋಗುವುದಾದರೆ ಇಬ್ಬರಿಬ್ಬರಾಗಿ ಹೋಗಬೇಕು. ನನ್ನ ಜೊತೆಗಾರ ತರಬೇತಿಗೆಂದು ಬೇರೆ ಊರಿಗೆ ಹೋಗಿರುವುದರಿಂದ ನಾನು ಈಗ ಅರ್ಧ ಮನುಷ್ಯ, ಹೊರಗೆ ಹೋಗಲು ಅನರ್ಹ. ಕೋಣೆಗೊಂದು ಬಾಲ್ಕನಿ ಇತ್ತು. ಹೋದ ವರ್ಷ ಅಲ್ಲಿ ಜಾಡಿಯಲ್ಲಿ ಮೀನು ಕೊಳೆಹಾಕಿ ನಮ್ಮೂರಿನ ಮೀನು ರಸ ಮಾಡಲು ಹೋದೆ. ಕಟ್ಟಡದಲ್ಲಿ ಯಾರೋ ಸತ್ತು ಬಿದ್ದಿದ್ದಾರೆಂದು ಜನ ಪೊಲೀಸರನ್ನು ಕರೆಸಿದರು. ಅಂದಿನಿಂದ ಬಾಲ್ಕನಿಗೂ ಬೀಗ. ಕಿಟಕಿಯಿಂದ ಸಮುದ್ರ ಕಾಣುತ್ತದೆ. ಆದರೆ ಮನೆ ಯಾವ ದಿಕ್ಕಿಗಿದೆ ಎಂದು ನೋಡುತ್ತಾ ಕೂರುವ ಸುಖವೂ ಇಲ್ಲ. ಭೂಮಿಯ ಆ ಕಡೆ ಇರುವ ಮನೆಗೆ ಎತ್ತ ಮುಖ ಮಾಡಿ ಕೂತರೂ ಅಷ್ಟೇ ದೂರ.

ನಾನು ಈ ಜೈಲಿನಲ್ಲಿ ಹೆಸರುವಾಸಿಯಾದ ಕಥೆ ಊರಿಗೆಲ್ಲ ಅರ್ಧಂಬರ್ಧ ತಲುಪಿರಬೇಕು. ಅಧಿಕೃತ ಕಥೆ ಹೀಗಿದೆ.

ಮಾರ್ಚ್ ತಿಂಗಳಲ್ಲಿ ನಮ್ಮ ರಸ್ತೆ ನಿಯೋಗ ಇಲ್ಲಿಗೆ ಬಂತು. ಅದರ ನಾಯಕರು ಸಂಗಾತಿ ಖ್ವಾತ್. ಬಿಳಿ ಹುಬ್ಬಿನ, ತೀರ ಸಭ್ಯ ಮುದುಕರು. ಯುದ್ಧದ ಕಾಲವೆಲ್ಲ ಕಾಡಿನಲ್ಲಿ ರಸ್ತೆ ಕಡಿದವರು, ಬಾಂಬು ಬಿದ್ದ ಜಾಗದಲ್ಲಿ ಮರುದಿನವೇ ಮತ್ತೆ ಕಡಿದವರು. ನಿವೃತ್ತಿಗೆ ಮೊದಲು ಅವರ ಕೊನೆಯ ಕೆಲಸ ಈ ಸಹೋದರ ದೇಶದಿಂದ ರೋಡ್ ರೋಲರ್‌ಗಳನ್ನು ಪಡೆಯುವುದು. ಸ್ವಾಗತದ ಔತಣ ಏರ್ಪಾಡಾಯಿತು. ಆತಿಥೇಯರು ಇಲ್ಲಿನ ನಿರ್ಮಾಣ ಖಾತೆಯ ಎಂಜಿನಿಯರ್ ಎವೆಲಿಯೊ: ಆಕಾರದಲ್ಲಿ ಬೀರು, ದನಿಯಲ್ಲಿ ಹಡಗಿನ ಸೀಟಿ. ಗ್ಲಾಸು ಎತ್ತುವ ಹೊತ್ತು ಬಂತು. ನಿನ್ನ ತಮ್ಮ ದುಭಾಷಿಯ ಕುರ್ಚಿಯಲ್ಲಿದ್ದ.

ನಮ್ಮ ಹಿರಿಯರಿಗೆ ಅದೆಂಥ ಪದಗಳ ಬರಗಾಲ ಬಂದಿತ್ತೋ ಅಕ್ಕ, ಕಾಲಡಿಯ ರಸ್ತೆಗೂ ಬಾಯಲ್ಲಿ ಕರಗುವ ಸಕ್ಕರೆಗೂ 'ದುವಂಗ್' ಎಂದು ಒಂದೇ ಹೆಸರಿಟ್ಟು ಹೋದರು. ನಮಗೆ ದುವಂಗ್ ಬೇಕು ಎಂಬ ಮಾತು ಬಂತು. ಸ್ಪ್ಯಾನಿಷಿನಲ್ಲಿ ಅದು 'ಅಸೂಕರ್', ಅಂದರೆ ಬರೀ ಸಕ್ಕರೆ, ಎಂದು ಹೋಯಿತು. ತರಲೆ ದುಭಾಷಿಗೆ ಒಂದು ಕ್ಷಣದ ತಮಾಷೆ ಬೇಕಿತ್ತು, ನಗು ಮುಗಿದ ಮೇಲೆ ತಿದ್ದಿಕೊಳ್ಳುವ ವಿಚಾರವಿತ್ತು ಎಂದು ಇತಿಹಾಸ ಬರೆದುಕೊಂಡಿದೆ. ಆದರೆ ನಗು ಮುಗಿಯಲೇ ಇಲ್ಲ. ಎವೆಲಿಯೊ ಎದ್ದುನಿಂತು, "ಸಕ್ಕರೆನಾ? ಅಷ್ಟೇನಾ? ಅಯ್ಯೋ ಸಹೋದರರೇ, ಅದೊಂದು ನಮ್ಮಲ್ಲಿ ಬೇಕಾದಷ್ಟಿದೆ!" ಎಂದು ಖ್ವಾತ್ ಅವರನ್ನು ನೆಲದಿಂದ ಎತ್ತಿ ಅಪ್ಪಿಕೊಂಡ. ಬ್ಯಾಂಡಿನವರು ಶುರುಮಾಡಿದರು. ಫೋಟೊದವನು ಮೇಜಿನ ಮೇಲೆ ಹತ್ತಿದ. ಆಮೇಲೆ ಕುಣಿತ. ಆ ಗಲಾಟೆಯಲ್ಲಿ ಯಾರದೋ ಬೂಟು ಬಿದ್ದು ನನ್ನ ಎಡಗಾಲಿನ ಹೆಬ್ಬೆರಳಿನ ಉಗುರು ಕಪ್ಪಾಯಿತು. ಬೆಳಿಗ್ಗೆ ಪತ್ರಿಕೆಯ ಮುಖಪುಟದಲ್ಲಿ ಸಕ್ಕರೆ. ಸಂಜೆಯ ಹೊತ್ತಿಗೆ ಜಂಟಿ ಹೇಳಿಕೆಯಲ್ಲೂ ಸಕ್ಕರೆ.

ತಿದ್ದಬಹುದಲ್ಲವೇ ಎಂದು ನಾನು ಸಂಗಾತಿ ಲ್ವಾನ್ ಅವರನ್ನು ಕೇಳಿದ್ದೆ. ಅವರು ಕನ್ನಡಕ ಒರೆಸಿಕೊಂಡು, "ಎರಡು ಸರ್ಕಾರಗಳು ಸಹಿ ಹಾಕಿವೆ ಕಣಯ್ಯಾ. ಸಹಿ ಬಿದ್ದ ಮೇಲೆ ರಸ್ತೆನೂ ಸಕ್ಕರೆನೇ" ಎಂದರು. (ಸಂಗಾತಿ, ಮಾತು ಹೀಗೇ ತಾನೇ ಇದ್ದದ್ದು? ಹೆಚ್ಚುಕಡಿಮೆ ಇದ್ದರೆ ಅಂಚಿನಲ್ಲಿ ಬರೆಯಿರಿ.)

ಅಲ್ಲಿಂದ ನಾನು ಇವರಿಗೆಲ್ಲ 'ಸಕ್ಕರೆ ಹುಡುಗ'. ಯಾವ ದೇಶದ ನಿಯೋಗ ಬಂದರೂ ಔತಣಕ್ಕೆ ನನ್ನನ್ನು ಹೊರಡಿಸಿ, ಮೈತ್ರಿಯ ಕಥೆ ಹೇಳಿಸಿ, ಬೆನ್ನು ತಟ್ಟಿ ವಾಪಸು ಕೋಣೆಗೆ ಕಳಿಸುತ್ತಾರೆ. ಪ್ರತಿ ಮನೆಯಲ್ಲೂ ಕಾಫಿ, ಪ್ರತಿ ಕಾಫಿಯಲ್ಲೂ ನನ್ನ ಗೌರವಾರ್ಥ ಎರಡು ಚಮಚ ಹೆಚ್ಚು ಸಕ್ಕರೆ. ಒಂದೇ ತಮಾಷೆಯನ್ನು ಎಂಟು ತಿಂಗಳು ಹೇಳುವುದು ಏನೆಂದು ನಿನಗೆ ಗೊತ್ತಿಲ್ಲ ಅಕ್ಕ. ಅದು ತಮಾಷೆಯೊಳಗೆ ಬಾಡಿಗೆಗೆ ಇದ್ದ ಹಾಗೆ, ಕಿಟಕಿಯೇ ಇಲ್ಲ. ಹಾಸ್ಟೆಲಿನ ಮೇಲ್ವಿಚಾರಕಿ ಕರಿದಾದ್ ಒಬ್ಬಳೇ ಒಮ್ಮೆ ಮೆಟ್ಟಿಲ ಬಳಿ ಹಿಡಿದು ನಿಲ್ಲಿಸಿ, "ಏನೋ ಸಕ್ಕರೆ, ಮುಖ ಯಾಕೆ ಉಪ್ಪಾಗಿದೆ?" ಎಂದು ಕೇಳಿದಳು. ಬಿಸಿಲು ಎಂದೆ.

ನಿನ್ನ ಪತ್ರ ಬಂದ ವಾರವೇ, ಜೊತೆಗಾರನಿಲ್ಲದೆ, ಅರ್ಧ ಮನುಷ್ಯನಾಗಿಯೇ, ಎವೆಲಿಯೊನ ಕಚೇರಿಗೆ ಹೋದೆ. ರೋಲರ್ ವಿಷಯ ಎತ್ತಿದೆ. ಅವನು ಕೈಲಿದ್ದ ಚುರುಟನ್ನು ಹಾಗೇ ಬಿಟ್ಟು ನನ್ನನ್ನೇ ನೋಡಿದ.

"ರೋಲರ್ ಬೇಕಿತ್ತಾ? ಮಾರಾಯ, ನನ್ನ ಅಂಗಳದಲ್ಲೇ ಸಾಲಾಗಿ ತುಕ್ಕು ಹಿಡೀತಾ ನಿಂತಿವೆಯಲ್ಲೋ! ನಂಗೂ ಅವತ್ತಿಂದ ತಲೆ ಕೆಟ್ಟಿತ್ತು. ರಸ್ತೆ ಜನ ಬಂದು ರಸ್ತೆಯವನ ಹತ್ರ ಸಕ್ಕರೆ ಯಾಕೆ ಕೇಳ್ತಾರೆ? ಇವರ ದೇಶದ ರೀತಿ ಹೀಗಿರ್ಬೇಕು, ದೊಡ್ಡದು ಕೇಳೋಕೆ ಮೊದಲು ಬಾಯಿ ಸಿಹಿ ಮಾಡ್ಕೋತಾರೇನೋ ಅಂದ್ಕೊಂಡೆ. ನೀವು ಎರಡನೇದು ಕೇಳ್ತೀರಿ ಅಂತ ಕಾದೆ ಕಾದೆ, ವಿಮಾನ ಹತ್ತಿ ಹೋಗೇಬಿಟ್ರಿ!"

ನಿಮ್ಮ ಕಡೆಯಿಂದ ಒಂದು ಕಾಗದ ಬರಲಿ, ಡಿಸೆಂಬರಿನ ಹಡಗಿಗೇ ಹತ್ತಿಸುತ್ತೇನೆ ಎಂದ. ನಾನು ಓಡುತ್ತಲೇ ಕಚೇರಿಗೆ ಬಂದೆ. ಸಂಗಾತಿ ಲ್ವಾನ್ ಡ್ರಾಯರ್ ಎಳೆದು ಮುಲಾಮನ್ನು ಹಣೆಗೆ ಹಚ್ಚಿಕೊಂಡರು. ಕಾಗದ ಬರೆಯಬೇಕಾದರೆ ಆ ಔತಣದಲ್ಲಿ ತಪ್ಪಾಯಿತು ಎಂದು ಬರೆಯಬೇಕು. ತಪ್ಪು ಯಾರದೆಂದೂ ಬರೆಯಬೇಕು. "ನಿಯೋಗದ ನಾಯಕರ ಬಾಯಿ ತಪ್ಪೋದಿಲ್ಲ" ಎಂದರು. "ಅದು ದೇಶದ ಬಾಯಿ. ತಪ್ಪಿದ್ರೆ ದುಭಾಷಿ ಬಾಯೇ ತಪ್ಪಿರ್ಬೇಕು."

"ಹಾಗಾದ್ರೆ ತಪ್ಪಿದೆ ಅಂತಲೇ ಬರೀರಿ" ಎಂದೆ.

"ಯೋಚಿಸಿ ಹೇಳು. ಭಾಷೆ ತಪ್ಪಿದವನು ಮತ್ತೆ ಭಾಷೆ ಕಲೀಬೇಕು. ನಿಯಮ ಇದೆ."

ನಿಯಮದ ಪ್ರಕಾರ ನನಗೆ ಸಿಕ್ಕಿದ್ದು ಪೂರ್ವದ ಜಿಲ್ಲೆಯೊಂದರ ಸಕ್ಕರೆ ಕಾರ್ಖಾನೆ, ಎರಡು ವರ್ಷ. ಹೌದು, ಸಕ್ಕರೆ ಕಾರ್ಖಾನೆಯೇ. ಅಲ್ಲಿ ತರಬೇತಿಗೆ ಬಂದಿರುವ ನಮ್ಮ ಕೆಲಸಗಾರರಿಗೆ ದುಭಾಷಿಯಾಗಿದ್ದುಕೊಂಡು ನನ್ನ ನಾಲಗೆಯನ್ನು ಸುಧಾರಿಸಿಕೊಳ್ಳಬೇಕು. ಈ ಹೊಸ ವರ್ಷದ ತೇತ್ ಹಬ್ಬಕ್ಕೆ ನಾನು ಮನೆಗೆ ಬರುವ ವಿಮಾನದ ಸೀಟು ನಿಗದಿಯಾಗಿತ್ತಲ್ಲ, ಅದರಲ್ಲಿ ಬೇರೆ ಯಾರೋ ಕೂತು ಬರುತ್ತಾರೆ. ಆತ್ಮವಿಮರ್ಶೆಯನ್ನು ಸುಂದರ ಅಕ್ಷರಗಳಲ್ಲಿ ಬರೆದು ಸಹಿ ಹಾಕಿದೆ. ಬಾಲ್ಯದಿಂದ ಅಭ್ಯಾಸವಿರುವುದರಿಂದ ಕಷ್ಟವಾಗಲಿಲ್ಲ. ನಮ್ಮ ಊರಿನ ಶಾಲೆಯಲ್ಲಿ ಗಂಟೆ ಕಾಣೆಯಾದಾಗಲೂ ನನ್ನನ್ನೇ ಮೊದಲು ಕರೆಸುತ್ತಿದ್ದರು.

ಆದ್ದರಿಂದ, ಮಂತ್ರಿಣಿಯವರೇ, ಇನ್ನು ಗಮನವಿಟ್ಟು ಓದಬೇಕು. ಮೂರು ರೋಲರ್‌ಗಳು ಡಿಸೆಂಬರಿನ ಹಡಗಿಗೆ ಹತ್ತಲಿವೆ. ಬಣ್ಣ ಹಳದಿ. ಮೂರನೆಯದರ ಸೀಟಿನ ಕೆಳಗೆ ಎವೆಲಿಯೊ ಒಂದು ಮೂಟೆ ಸಕ್ಕರೆ ಇಟ್ಟಿದ್ದಾನೆ. ಅವನನ್ನು ತಡೆಯಲು ನನ್ನಿಂದಾಗಲಿಲ್ಲ. ಮಳೆಗೆ ಮೊದಲು ರಸ್ತೆ ದೋಣಿಕಟ್ಟೆ ಮುಟ್ಟಬಹುದೆಂದು ಭಾವನಿಗೆ ಹೇಳು. ರಜೆ ಸಿಕ್ಕ ದಿನವೇ ಮದುವೆ ಮಾಡಿಕೊಳ್ಳಿ. ಅಪ್ಪ ಅಮ್ಮ ಇಲ್ಲದ ಮನೆಯಲ್ಲಿ ಗಂಡಿನವರು ತರುವ ಎಲೆ ಅಡಿಕೆ ತಟ್ಟೆಗೆ ತಮ್ಮನಾದ ನಾನೇ ಕೈ ಚಾಚಬೇಕು ಎಂದು ನೀನು ಈ ಮೊದಲು ಎರಡು ಸಲ ಮುಂದೂಡಿದ್ದು ಸಾಕು. ಮೂಲೆಮನೆ ಅಜ್ಜನಿಗೆ ಕಿವಿ ಕೇಳದಿದ್ದರೂ ಕೈ ಗಟ್ಟಿಯಿದೆ. ತಟ್ಟೆ ಅವರು ಹಿಡಿಯಲಿ. ನನಗಾಗಿ ಕಾಯಬೇಡ. ಇದು ಕೋರಿಕೆಯಲ್ಲ, ಸಹೋದರ ದ್ವೀಪದ ಆದೇಶ.

ನಾಳೆ ಬೆಳಿಗ್ಗೆ ಕಾರ್ಖಾನೆಯ ಲಾರಿ ಬರುತ್ತದೆ. ಸಂಗಾತಿ ಲ್ವಾನ್ ಇವತ್ತು ತಮ್ಮ ಕಪಾಟಿನ ಹಿಂದಿನಿಂದ ಊರಿನ ಮೀನು ರಸದ ಬಾಟಲಿಯೊಂದನ್ನು ತೆಗೆದು ನನ್ನ ಚೀಲಕ್ಕೆ ಹಾಕಿದರು. ಅವರ ಹೆಂಡತಿ ಕಳಿಸಿದ್ದು, ಮುಚ್ಚಳವನ್ನೂ ತೆಗೆದಿರಲಿಲ್ಲ. ಯಾಕೆ ಎಂದು ಕೇಳಿದೆ. "ಸುಮ್ನೆ ತಗೊಂಡು ಹೋಗೋ" ಎಂದು ಗದರಿ, ಕಿಟಕಿಯ ಕಡೆ ತಿರುಗಿಕೊಂಡರು. ಶಿಕ್ಷೆಗೊಳಗಾದವನಿಗೆ ಇಂಥ ಬಹುಮಾನ ಏಕೆಂದು ಇತಿಹಾಸಕಾರರು ಸಂಶೋಧಿಸಲಿ.

ಲಕೋಟೆಯನ್ನು ಎಸೆಯಬೇಡ. ನಮ್ಮ ಮನೆಯ ಪದ್ಧತಿಯಂತೆ ಅಂಟು ಬಿಡಿಸಿ, ಒಳಮೈ ಹೊರಗೆ ಮಾಡಿ, ಮತ್ತೆ ಬಳಸು. ಮಿತವ್ಯಯವೇ ಕ್ರಾಂತಿಯ ಅಡಿಪಾಯ ಎಂಬುದನ್ನು ಸಂಗಾತಿ ಲ್ವಾನ್ ಕೂಡ ಒಪ್ಪುತ್ತಾರೆ.

ಎರಡು ಗಣರಾಜ್ಯಗಳ ನಡುವೆ ಸಿಕ್ಕಿಕೊಂಡಿರುವ,
ಹುಳುಕು ಹಲ್ಲಿನ, ಕಪ್ಪು ಉಗುರಿನ, ನಿನ್ನ ತರಲೆ
ಲಾಮ್

(ಲಕೋಟೆಯ ಒಳಮೈಯಲ್ಲಿ, ಪೆನ್ಸಿಲಿನಿಂದ)

ಅಕ್ಕ, ಮುದ್ರೆ ಬಿದ್ದಾಯಿತು. ಲಕೋಟೆ ಅಂಟಿಸುವುದು ನನ್ನ ಕೆಲಸವಾದ್ದರಿಂದ ಇಲ್ಲಿ ಎರಡು ಮಾತು.

ಖ್ವಾತ್ ತಾತ ವಿಮಾನ ಪ್ರಯಾಣದುದ್ದಕ್ಕೂ ಒಂದು ಸಣ್ಣ ನಿಘಂಟು ಹಿಡಿದು ಕೂತಿದ್ದರಂತೆ. ಆತಿಥೇಯರ ಹತ್ತಿರ ಏನಾದರೂ ಕೇಳುವಾಗ ಅವರ ಭಾಷೆಯಲ್ಲೇ ಕೇಳುವುದು ಮರ್ಯಾದೆ ಎಂದು ಅವರ ಆಸೆ. ದುವಂಗ್ ಹುಡುಕಿದರು. ನಿಘಂಟಿನಲ್ಲಿ ಸಕ್ಕರೆ ಮೊದಲಿತ್ತು, ರಸ್ತೆ ಅದರ ಕೆಳಗಿತ್ತು. ಗ್ಲಾಸು ಎತ್ತಿ ತಾವೇ ಸ್ಪ್ಯಾನಿಷಿನಲ್ಲಿ ಹೇಳಿಬಿಟ್ಟರು. ನಾನು ಅವರ ಕೋಟು ಜಗ್ಗಿದೆ. ಮಧ್ಯೆ ಬಾಯಿ ಹಾಕಬೇಡ ಎಂದು ನನ್ನ ಕಾಲು ತುಳಿದರು. ಮರುದಿನ ಪತ್ರಿಕೆ ಓದಿ ಹೇಳಿದಾಗ ಅವರ ಮುಖ ನೋಡಬೇಕಿತ್ತು, ಬೇಡ, ನೋಡಬಾರದಿತ್ತು. "ರಸ್ತೆಗೆ ಏನಂತಾರಪ್ಪಾ?" ಎಂದು ಕೇಳಿದರು. ಹೇಳಿಕೊಟ್ಟೆ. ವಿಮಾನ ನಿಲ್ದಾಣದವರೆಗೂ ಆ ಒಂದು ಪದವನ್ನು ಬಾಯಿಪಾಠ ಮಾಡುತ್ತಾ ಹೋದರು.

ಊರಲ್ಲಿ ಯಾರಿಗೂ ಹೇಳಬೇಡ. ಮದುವೆಯ ದಿನ ಎಲ್ಲರೂ ಇದು ಲಾಮನದೇ ಕಿತಾಪತಿ ಎಂದು ಹೊಟ್ಟೆ ತುಂಬ ನಗಲಿ. ನಿನಗೊಬ್ಬಳಿಗೆ ಮಾತ್ರ ಗೊತ್ತಿರಲಿ ಅನ್ನಿಸಿತು: ಆ ಹೊತ್ತು ನಾನು ಬಾಯಿಯನ್ನೇ ತೆರೆದಿರಲಿಲ್ಲ.