ಮನೆಯಲ್ಲೇ ಎಲ್ಲೋ ಇರಬೇಕು ಎಂದಿರಲ್ಲ

ರೀ,

ಕುಕ್ಕರಿನಲ್ಲಿ ಅನ್ನವಿದೆ, ಸಾರು ಬಿಸಿ ಮಾಡಿಕೊಳ್ಳಿ. ಶಿಫ್ಟ್ ಮುಗಿಸಿ ದಣಿದು ಬಂದಿರುತ್ತೀರಿ, ಆದರೂ ಮಲಗುವ ಮೊದಲು ಇದನ್ನು ಪೂರ್ತಿ ಓದಿ.

ನನ್ನ ಪಾಸ್‌ಪೋರ್ಟ್ ಕಳೆದದ್ದು ಬುಟಿಬೋರಿಗೆ ಹೋಗುವ ಬಸ್ಸಿನಲ್ಲಿ. ಠಾಣೆಯಿಂದ ವಿಚಾರಿಸಲು ಬಂದವರಿಗೆ ನೀವು ಬಾಗಿಲಲ್ಲೇ ನಿಂತು, "ಅರೆ ಸಾಹೇಬ್, ಮನೇಲೇ ಎಲ್ಲೋ ಇಟ್ಟಿರ್ತಾಳೆ, ಅವಳಿಗೆ ಮರೆವು ಜಾಸ್ತಿ" ಎಂದು ನಕ್ಕಿರಿ. ಅವರು ಅದನ್ನೇ ಬರೆದುಕೊಂಡು ಹೋದರು. ಕಳೆದಿದೆ ಎಂಬ ಪ್ರಮಾಣಪತ್ರಕ್ಕೆ ಈ ಆರು ತಿಂಗಳೂ ಆ ಒಂದು ಮಾತೇ ಅಡ್ಡ ನಿಂತಿದೆ. ಅದಿಲ್ಲದೆ ಹೊಸ ಪಾಸ್‌ಪೋರ್ಟ್ ಇಲ್ಲ. ಪಾಸ್‌ಪೋರ್ಟ್ ಇಲ್ಲದೆ ಕೊಲಂಬೊದ ಶಿಕ್ಷಕರ ತರಬೇತಿ ಇಲ್ಲ. ನನಗೀಗ ನಲವತ್ತೊಂಬತ್ತು, ಸ್ಕೂಲಿನವರು ಇನ್ನೊಮ್ಮೆ ನನ್ನ ಹೆಸರು ಕಳಿಸುವುದು ಅನುಮಾನ.

ಆ ಪ್ರಮಾಣಪತ್ರ ಕೊಡಿಸಿ ಎಂದು ನಾನು ಕೋರ್ಟಿಗೆ ಹಾಕಿದ ಅರ್ಜಿಯ ವಿಚಾರಣೆ ಇವತ್ತು, ಹನ್ನೆರಡರ ಹೊತ್ತಿಗೆ ನಮ್ಮ ಸರದಿ. ಫ್ರಿಜ್ ಮೇಲೆ ಅಫಿಡವಿಟ್ ಇಟ್ಟಿದ್ದೇನೆ. ಅಂದು ಹುಡುಕದೆಯೇ ಹಾಗೆ ಹೇಳಿದೆ ಎಂದು ನಿಮ್ಮ ಹೆಸರಿನಲ್ಲಿ ಬರೆಸಿದ್ದು. ಮನೆಯಲ್ಲಿ ಸಹಿ ಹಾಕಬೇಡಿ, ಕೋರ್ಟಿನ ಗೇಟಿನ ಬಳಿ ನೋಟರಿ ಎದುರಿಗೇ ಹಾಕಬೇಕು. ಆಧಾರ್ ಕಾರ್ಡ್ ಮರೆಯಬೇಡಿ. ನೀಲಿ ಅಂಗಿ ಇಸ್ತ್ರಿಯಾಗಿದೆ.

ಸಿಟ್ಟಿಲ್ಲ ಎಂದರೆ ಸುಳ್ಳಾಗುತ್ತದೆ. ನೀವು ಬಂದರೆ ಇಬ್ಬರೂ ಅಲ್ಲೇ ಪೋಹಾ ತಿಂದು ಬರೋಣ.

ಬರದಿದ್ದರೆ ನ್ಯಾಯಾಧೀಶರಿಗೆ ನಾನೇ ಹೇಳುತ್ತೇನೆ: ಮದುವೆಯಾಗಿ ಇಪ್ಪತ್ತಾರು ವರ್ಷವಾಯಿತು, ಇವರು ಈ ಮನೆಯ ಒಂದು ಕಪಾಟನ್ನೂ ತೆಗೆದು ನೋಡಿದವರಲ್ಲ. ಅದರಲ್ಲಿ ಏನಿದೆ, ಏನಿಲ್ಲ ಎಂದು ಇವರಿಗೆ ಹೇಗೆ ಗೊತ್ತಾಗಬೇಕು?

ಮೃದುಲಾ