ಮಷೀನಿಗೆ ತೊಡಿಸಿದ ಜಾಲರಿ

ಪ್ರೀತಿಯ ತಂಗಿಗೆ,

ನಿನ್ನ ಕೈಯ ಗಾಯ ಮಾಯುತ್ತಿದೆ ಎಂದು ನಂಬಿದ್ದೇನೆ. ಕಾರ್ಮಿಕ ನ್ಯಾಯಮಂಡಳಿಗೆ ಧಣಿ ಬರಲೇ ಇಲ್ಲ, ನೀನು ಗೆದ್ದೆ. ಈಗ ಮೇಲಿನ ಕೋರ್ಟು ಆ ತೀರ್ಪನ್ನು ರದ್ದು ಮಾಡಿ, ಎರಡೂ ಕಡೆಯ ಮಾತು ಕೇಳಿ ಹೊಸದಾಗಿ ತೀರ್ಮಾನಿಸಿ ಎಂದಿದೆ. ಅದೂ ನ್ಯಾಯವೇ. ಆದರೆ ಅವರ ಕಡೆಯ ಮಾತು ಇಲ್ಲಿ ಕಾರ್ಖಾನೆಯಲ್ಲೇ ತಯಾರಾಗುತ್ತಿದೆ.

ಬೆಕ್ಕು ಇಲಿಯ ಯೋಗಕ್ಷೇಮ ಕೇಳಿದ ಹಾಗೆ ಧಣಿ ದಿನಾ ನನ್ನನ್ನು ಮಾತಾಡಿಸುತ್ತಾರೆ. ಕೆಲಸ ಬೇಗ ಸಾಗಲೆಂದು ಕಳಚಿ ಗೋಡೆಗೆ ನೇತುಹಾಕುತ್ತಿದ್ದ , ಕೈ ಸಿಕ್ಕದಂತೆ ತಡೆಯುವ ಕಾವಲು ಜಾಲರಿಯನ್ನು ಮೊನ್ನೆ ನಿನ್ನ ಪ್ರೆಸ್ ಮಷೀನಿಗೆ ತೊಡಿಸಿದರು. "ಯಾವತ್ತೂ ಇಲ್ಲೇ ಇತ್ತು ಅನ್ನಿಸ್ಬೇಕು ಕಣಯ್ಯಾ" ಎಂದು ಮೇಸ್ತ್ರಿ ನನ್ನ ಕೈಯಿಂದಲೇ ಅದಕ್ಕೆ ಎಣ್ಣೆ ಮಸಿ ಬಳಿಸಿದ.

"ತಂಗಿ ಕೈ ಸಿಕ್ಕಿದ ದಿನ ಇದು ಇರ್ಲಿಲ್ಲ, ನಾನೇ ನೋಡಿದ್ದೀನಲ್ಲ" ಎಂದೆ.

"ನೀನೊಬ್ಬನೇ ತಾನೇ ನೋಡಿದ್ದು?" ಎಂದು ನಕ್ಕ.

ನಾಳೆಯಿಂದ ಆ ಮಷೀನಿಗೆ ನನ್ನನ್ನೇ ಹಾಕಿದ್ದಾರೆ. ಒಲ್ಲೆ ಎಂದರೆ ಕೆಲಸದಿಂದ ತೆಗೆದು, ಆ ಸೇಡಿಗೆ ನಾನು ಸುಳ್ಳು ಸಾಕ್ಷಿ ಹೇಳುತ್ತಿದ್ದೇನೆ ಎಂದು ವಿಚಾರಣೆಯಲ್ಲಿ ವಾದಿಸುತ್ತಾರೆ. ಇವತ್ತು ಸಂಜೆ ನೋಡಿದರೆ ಜಾಲರಿ ಮತ್ತೆ ಗೋಡೆಯ ಮೇಲಿದೆ.

ಅಮ್ಮನಿಗೆ ಏನೂ ಹೇಳಬೇಡ. ಈ ಕಾಗದವನ್ನು ಮಾತ್ರ ಕೈಸೇರಿದ ಕೂಡಲೇ ವಕೀಲರಿಗೆ ಮುಟ್ಟಿಸು. ವಿಚಾರಣೆಗೆ ನಾನು ಬರಲಾಗದೆ ಹೋದರೆ, ಇದೇ ನನ್ನ ಮಾತು.

ಇಂತಿ,
ನಿನ್ನ ಅಣ್ಣ